ಅಪಸ್ವರಕ್ಕೆ ಅಷ್ಟು ಬಲ ಎಲ್ಲಿಂದ ಬಂತು? ಟೋಲ್ಕೀನ್ ಲೋಕದ ಸೃಷ್ಟಿ ಸಂಗೀತ

ಇಂಗ್ಲಿಷ್ ಲೇಖಕ ಟೋಲ್ಕೀನ್ ಕಥೆಗಳಿಂದ ಮಾಡಿದ ‘ರಿಂಗ್ಸ್ ಆಫ್ ಪವರ್’ ಟಿವಿ ಸರಣಿ ನೋಡಿದವರಿಗೆ ಅದರ ಹೆಸರು ಮೂಡುವ ದೃಶ್ಯ ನೆನಪಿರಬಹುದು. ಮರಳಿನಂಥ ಸಣ್ಣ ಕಣಗಳು ಅದುರುತ್ತವೆ, ಚದುರುತ್ತವೆ, ಆಮೇಲೆ ತಾವಾಗಿಯೇ ಕೂಡಿಕೊಂಡು ಉಂಗುರ, ಚಕ್ರಗಳ ಆಕಾರ ತಾಳುತ್ತವೆ. ಹಿಂದೆ ಸಂಗೀತ. ಸುಮ್ನೆ ಚೆಂದಕ್ಕೆ ಹಾಕಿದ್ದಾರೆ ಅಂತ ನಾನು ತಿಳಿದಿದ್ದೆ. ಆದರೆ ಅದರ ಹಿಂದೆ ಒಂದು ಕಥೆಯೇ ಇದೆ. ಆ ಲೋಕ ಹುಟ್ಟಿದ್ದೇ ಸಂಗೀತದಿಂದ.

2022ರಲ್ಲಿ ಈ ಸರಣಿ ಶುರುವಾಯಿತು, 2024ರಲ್ಲಿ ಎರಡನೇ ಭಾಗ ಬಂತು. ಮೊದಲ ಕಂತಿನ ಶುರುವಿನಲ್ಲೇ ಮೊರ್ಗೋತ್ ಎಂಬ ಹೆಸರು ಕೇಳುತ್ತದೆ. ಅವನು ಯಾರು, ಎಲ್ಲಿಂದ ಬಂದ ಅನ್ನುವುದನ್ನು ಸರಣಿ ಬಿಡಿಸಿ ಹೇಳುವುದಿಲ್ಲ. ನಮ್ಮ ಮನೆಯಲ್ಲಿ ಮಗಳು ಕೇಳಿದ ಪ್ರಶ್ನೆ ಇದು: “ಅಮ್ಮಾ, ಆ ಲೋಕಕ್ಕೆ ದೇವರು ಇದಾನಲ್ವಾ? ಮತ್ತೆ ಇವನನ್ನ ಯಾಕೆ ಬಿಟ್ಟ?” ಒಂದು ಮಾತಿನಲ್ಲಿ ಮುಗಿಯುವ ಪ್ರಶ್ನೆ ಅಲ್ಲ. ಅದಕ್ಕೇ ಇಷ್ಟು ಬರೆಯುತ್ತಿದ್ದೇನೆ. ಟೋಲ್ಕೀನ್ ಪುಸ್ತಕಗಳನ್ನು ಓದದವರಿಗೂ ಅರ್ಥವಾಗಲಿ ಅಂತ ಬುಡದಿಂದ ಶುರು ಮಾಡೋಣ.

ಮೊದಲು ಒಂದು ಡಬರಿ, ಒಂದು ಚಿಟಿಕೆ ರವೆ

ಅಡುಗೆಮನೆಯಿಂದ ಒಂದು ಸಣ್ಣ ಡಬರಿ ತನ್ನಿ. ದೊಡ್ಡ ಬಲೂನೊಂದನ್ನು ಕತ್ತರಿಸಿ ಅದರ ಬಾಯಿಗೆ ಬಿಗಿಯಾಗಿ ಎಳೆದು ರಬ್ಬರ್ ಬ್ಯಾಂಡ್ ಹಾಕಿ. ತಮಟೆಯ ಹಾಗೆ ಆಗುತ್ತದೆ. ಮೇಲೆ ಒಂದು ಚಿಟಿಕೆ ಚಿರೋಟಿ ರವೆ ಉದುರಿಸಿ. ಈಗ ಉಸಿರು ತಾಗದ ಹಾಗೆ ಪಕ್ಕದಿಂದ ಗಟ್ಟಿಯಾಗಿ ‘ಸಾ’ ಅಂತ ಹಿಡಿಯಿರಿ. ಸ್ವರ ಸ್ವಲ್ಪ ಮೇಲೆ ಕೆಳಗೆ ಮಾಡುತ್ತಾ ಹೋದರೆ ಒಂದು ಕಡೆ ರವೆ ಕುಣಿಯಲು ಶುರುವಾಗುತ್ತದೆ. ಗೆರೆ ಗೆರೆಯಾಗಿ ಕೂಡಿಕೊಳ್ಳುತ್ತದೆ.

ಜರ್ಮನಿಯ ವಿಜ್ಞಾನಿ ಅರ್ನ್ಸ್ಟ್ ಕ್ಲಾಡ್ನಿ 1787ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಇದನ್ನೇ ತೋರಿಸಿದ್ದು. ತಗಡಿನ ಮೇಲೆ ಮರಳು ಹಾಕಿ ಅದರ ಅಂಚಿಗೆ ಪಿಟೀಲಿನ ಕಮಾನು ಎಳೆಯುತ್ತಿದ್ದರು. ತಗಡಿನ ಕೆಲವು ಭಾಗ ಜೋರಾಗಿ ಅದುರುತ್ತದೆ, ಕೆಲವು ಭಾಗ ಅಲುಗಾಡದೆ ನಿಲ್ಲುತ್ತದೆ. ಅದುರುವ ಕಡೆಯಿಂದ ಸಿಡಿದ ಮರಳು ಅಲುಗಾಡದ ಗೆರೆಗಳಲ್ಲಿ ಬಂದು ಕೂರುತ್ತದೆ. ಸ್ವರ ಬದಲಾದರೆ ಚಿತ್ರವೂ ಬದಲು. ಸರಣಿಯ ಆರಂಭದ ಚಿತ್ರಿಕೆ ಈ ವಿದ್ಯೆಯಿಂದ ಹುಟ್ಟಿದ್ದು. ಸಂಗೀತದಿಂದ ಲೋಕ ಬಂತು ಎಂಬ ಟೋಲ್ಕೀನ್ ಕಥೆಯೇ ಅದಕ್ಕೆ ಪ್ರೇರಣೆ.

ಈ ರವೆಯನ್ನು ಕೊನೆಯವರೆಗೂ ನೆನಪಿಟ್ಟುಕೊಳ್ಳಿ. ಸ್ವರ ಅದಕ್ಕೆ ಆಕಾರ ಕೊಡುತ್ತದೆ. ಆದರೆ ರವೆ ಹುಟ್ಟಿದ್ದು ಸ್ವರದಿಂದಲ್ಲ. ಎಷ್ಟೇ ಜೋರಾಗಿ ಹಾಡಿದರೂ ಒಂದು ಕಾಳು ಜಾಸ್ತಿ ಆಗುವುದಿಲ್ಲ. ಟೋಲ್ಕೀನ್ ಕಟ್ಟಿದ ಲೋಕದ ದೊಡ್ಡ ಗುಟ್ಟು ಇಷ್ಟರಲ್ಲೇ ಇದೆ.

ಬರೆದವರು ಯಾರು, ಯಾವಾಗ

ಜೆ.ಆರ್.ಆರ್. ಟೋಲ್ಕೀನ್ (1892–1973) ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಹಳೆಯ ಇಂಗ್ಲಿಷ್ ಕಲಿಸುತ್ತಿದ್ದ ಮೇಷ್ಟ್ರು. ಪ್ರಾಧ್ಯಾಪಕರಾಗುವುದಕ್ಕೆ ಮುಂಚೆ ಸೈನ್ಯದಲ್ಲಿದ್ದರು. 1916ರಲ್ಲಿ ಫ್ರಾನ್ಸಿನ ಸೊಮ್ ಕದನದಲ್ಲಿದ್ದು, ಕಂದಕದ ಜ್ವರ ಹಿಡಿದು ವಾಪಸಾದವರು. 1918ರ ಹೊತ್ತಿಗೆ ಅವರ ಆಪ್ತ ಗೆಳೆಯರಲ್ಲಿ ಒಬ್ಬರನ್ನು ಬಿಟ್ಟು ಉಳಿದವರೆಲ್ಲ ತೀರಿಕೊಂಡಿದ್ದರು. ಯುದ್ಧ ಮುಗಿದ ಮೇಲೆ ಆಕ್ಸ್‌ಫರ್ಡ್ ನಿಘಂಟಿನ ಕಚೇರಿಯಲ್ಲಿ ಕೆಲಸ ಸಿಕ್ಕಿತು. ‘ವಾಲ್ರಸ್’ ತರಹದ ಪದಗಳ ಮೂಲ ಹುಡುಕುವುದು ಅವರ ದಿನದ ಕೆಲಸ. ಆ ದಿನಗಳಲ್ಲೇ ‘ಐನುರ್‌ಗಳ ಸಂಗೀತ’ ಎಂಬ ಸೃಷ್ಟಿಕಥೆಯನ್ನು ಬರೆದರು.

ಹತ್ತಾರು ವರ್ಷ ಅದನ್ನು ತಿದ್ದುತ್ತಲೇ ಇದ್ದರು. ಬದುಕಿರುವಾಗ ಅಚ್ಚಾಗಲಿಲ್ಲ. ಮಗ ಕ್ರಿಸ್ಟೋಫರ್ ಕಾಗದಗಳನ್ನೆಲ್ಲ ಜೋಡಿಸಿ 1977ರಲ್ಲಿ ‘ಸಿಲ್ಮರಿಲಿಯನ್’ ಹೊರತಂದಾಗ ಈ ಕಥೆ ಅದರ ಮೊದಲ ಅಧ್ಯಾಯವಾಯಿತು. ಹಳೆಯ ಆವೃತ್ತಿಗಳು ಕ್ರಿಸ್ಟೋಫರ್ ಆಮೇಲೆ ತಂದ 1983 ಮತ್ತು 1993ರ ಸಂಪುಟಗಳಲ್ಲಿವೆ.

ಯುದ್ಧವೇ ಅಪಸ್ವರ, ಸತ್ತ ಗೆಳೆಯರೇ ಶೋಕರಾಗ ಅಂತ ನೇರ ಗೆರೆ ಎಳೆಯಬೇಡಿ. ಕಥೆಗೆ ಹಾಗೆ ಒಂದಕ್ಕೊಂದು ಅರ್ಥ ಹಚ್ಚುವುದು ಟೋಲ್ಕೀನ್ ಅವರಿಗೆ ಹಿಡಿಸುತ್ತಿರಲಿಲ್ಲ. ಆದರೂ ಈ ಸಂಗೀತದಲ್ಲಿ ದುಃಖಕ್ಕೆ ಇಷ್ಟು ದೊಡ್ಡ ಜಾಗ ಯಾಕೆ ಅಂತ ಯೋಚಿಸುವಾಗ ಆ ವಯಸ್ಸು, ಆ ಕಾಲ ನನಗೆ ನೆನಪಾಗುತ್ತದೆ.

ಗೊತ್ತಿರಬೇಕಾದ ಕೆಲವು ಹೆಸರು

ಎರು ಅಂದರೆ ಒಬ್ಬನೇ ಒಬ್ಬನಾದವನು, ಪರಮಾತ್ಮ. ಅವನಿಗೆ ಇಲೂವತಾರ್ ಎಂಬ ಇನ್ನೊಂದು ಹೆಸರು. ಅಂದರೆ ಎಲ್ಲರ ತಂದೆ. ಅವನ ಆಲೋಚನೆಯಿಂದ ಹುಟ್ಟಿದವರು ಐನುರ್‌ಗಳು. ದೇವತೆಗಳು ಅನ್ನಬಹುದು, ಆದರೆ ಅವರೂ ಹುಟ್ಟಿಸಲ್ಪಟ್ಟವರೇ. ಅವರಲ್ಲಿ ಗಾಳಿಗೆ ಮನ್ವೆ, ನೀರಿಗೆ ಉಲ್ಮೊ, ಲೋಹ ಮತ್ತು ಕಸುಬಿಗೆ ಔಲೆ. ಎಲ್ಲರಿಗಿಂತ ಜಾಸ್ತಿ ಶಕ್ತಿ, ಜಾಸ್ತಿ ತಿಳಿವಳಿಕೆ ಪಡೆದವನು ಮೆಲ್ಕೋರ್. ಉಳಿದವರಿಗೆ ಒಂದೊಂದು ವರ ಸಿಕ್ಕರೆ, ಅವನಿಗೆ ಎಲ್ಲರ ವರದಲ್ಲೂ ಪಾಲಿತ್ತು. ಮುಂದೆ ಮೊರ್ಗೋತ್ ಎಂಬ ಹೆಸರು ಪಡೆಯುವವನು ಇವನೇ.

ಇನ್ನೊಂದು ಮುಖ್ಯ ಮಾತು ‘ಆರದ ಜ್ವಾಲೆ’. ಇರುವಿಕೆಯನ್ನು ಕೊಡುವ ಬೆಂಕಿ. ಕಲ್ಪನೆಯನ್ನು ನಿಜ ಮಾಡುವ ಬೆಂಕಿ. ನಮ್ಮ ಪ್ರಯೋಗದ ಲೆಕ್ಕದಲ್ಲಿ, ರವೆ ಅಂತ ಒಂದು ಇರುವಂತೆ ಮಾಡುವುದು ಇದು. ಇದು ಎರುವಿನ ಬಳಿ ಮಾತ್ರ ಇದೆ.

ಪಲ್ಲವಿ ಕೊಟ್ಟವನು, ನೆರವಲ್ ಮಾಡಿದವರು

ಕಛೇರಿ ಕೇಳುವವರಿಗೆ ಇದು ಬೇಗ ಅರ್ಥವಾಗುತ್ತದೆ. ಗುರುಗಳು ಒಂದು ಪಲ್ಲವಿಯ ಸಾಲು ಕೊಡುತ್ತಾರೆ. ಶಿಷ್ಯರು ಸಾಲಿನ ಮಾತು, ತಾಳ, ರಾಗ ಬಿಡದೆ ಅದನ್ನೇ ಹತ್ತಾರು ರೀತಿ ಹಾಡಿ ಬೆಳೆಸುತ್ತಾರೆ. ನೆರವಲ್ ಅಂದರೆ ಅದೇ. ಸಾಲು ಗುರುವಿನದು, ಬೆಳೆಸುವ ಮನಸ್ಸು ಶಿಷ್ಯನದು.

ಇಲೂವತಾರ್ ಮಾಡಿದ್ದೂ ಹೀಗೆ. ಐನುರ್‌ಗಳನ್ನು ಸೇರಿಸಿ ಒಂದು ದೊಡ್ಡ ಪಲ್ಲವಿಯನ್ನು ಅವರ ಮುಂದಿಟ್ಟ. ನಿಮ್ಮ ನಿಮ್ಮ ಆಲೋಚನೆ ಸೇರಿಸಿ ಇದನ್ನು ಸಿಂಗರಿಸಿ ಅಂದ. ಬರೀ ಒಪ್ಪಿಸಿ ಅನ್ನಲಿಲ್ಲ, ಇದು ಗಮನಿಸಬೇಕಾದ್ದು. ಅವರ ದನಿಗಳು ವೀಣೆ, ಕೊಳಲು, ಕಹಳೆಗಳ ಹಾಗೆ ಎದ್ದವು. ಒಂದರೊಳಗೆ ಒಂದು ಹೆಣೆದುಕೊಂಡವು. ಶೂನ್ಯವೂ ತುಂಬಿಹೋಯಿತು.

ಮೆಲ್ಕೋರ್ ಅದಕ್ಕಿಂತ ಮುಂಚೆಯೇ ಶೂನ್ಯದಲ್ಲಿ ಒಬ್ಬನೇ ಅಲೆಯುತ್ತಿದ್ದ. ಆರದ ಜ್ವಾಲೆಯನ್ನು ಹುಡುಕುತ್ತಿದ್ದ. ತನ್ನದೇ ಆದದ್ದು ಏನಾದರೂ ಇರುವಂತೆ ಮಾಡಬೇಕು ಎಂಬ ಆಸೆ. ಸಿಗಲಿಲ್ಲ. ಸಿಗುವುದು ಹೇಗೆ, ಅದು ಎರುವಿನ ಬಳಿ ಇತ್ತಲ್ಲ. ಆದರೆ ಆ ಒಂಟಿ ಅಲೆದಾಟದಲ್ಲಿ ಉಳಿದವರಿಗಿಲ್ಲದ ಆಲೋಚನೆಗಳು ಅವನೊಳಗೆ ಬೆಳೆದವು. ಅವನ್ನೇ ಹಾಡಿನೊಳಗೆ ತಂದ. ತಕ್ಷಣ ಅವನ ಸುತ್ತ ಅಪಸ್ವರ ಎದ್ದಿತು. ಪಕ್ಕದಲ್ಲಿ ಹಾಡುತ್ತಿದ್ದವರು ಕಂಗಾಲಾದರು. ಕೆಲವರ ದನಿ ಕುಗ್ಗಿತು. ಇನ್ನು ಕೆಲವರು ಎರುವಿನ ಪಲ್ಲವಿ ಬಿಟ್ಟು ಮೆಲ್ಕೋರನ ಶ್ರುತಿಗೇ ತಮ್ಮ ಶ್ರುತಿ ಕೂಡಿಸಿಕೊಂಡರು. ಗುಂಪಿನಲ್ಲಿ ಭಜನೆ ಹೇಳುವಾಗ ಪಕ್ಕದ ಒಬ್ಬರು ಶ್ರುತಿ ತಪ್ಪಿದರೆ ನಮ್ಮದು ಸರಿಯಿದ್ದರೂ ದನಿ ಜಾರುತ್ತದೆ ಅಲ್ವಾ? ಹಾಗೆ.

ಮೂರು ಸಲ ಎದ್ದು ನಿಂತದ್ದು

ಇಲೂವತಾರ್ ಎದ್ದ. ಮುಖದಲ್ಲಿ ನಗುವಿತ್ತು. ಎಡಗೈ ಎತ್ತಿದ. ಎರಡನೇ ಪಲ್ಲವಿ ಶುರುವಾಯಿತು. ಹಳೆಯದರ ಹಾಗೇ ಇತ್ತು, ಆದರೆ ಬೇರೆ. ಮೆಲ್ಕೋರ್ ಇನ್ನೂ ಜೋರು ಮಾಡಿದ. ಎಷ್ಟೋ ಐನುರ್‌ಗಳು ಹಾಡುವುದನ್ನೇ ನಿಲ್ಲಿಸಿದರು.

ಮತ್ತೆ ಎದ್ದ. ಈ ಸಲ ಮುಖ ಗಡುಸಾಗಿತ್ತು. ಬಲಗೈ ಎತ್ತಿದ. ಮೂರನೇ ಪಲ್ಲವಿ ಬಂತು. ಮೊದಲು ಅದು ಮೆಲ್ಲಗಿತ್ತು, ಕಿವಿಗೊಟ್ಟರೆ ಮಾತ್ರ ಕೇಳುವಂತಿತ್ತು. ಆದರೆ ಅದನ್ನು ಅಡಗಿಸಲು ಆಗಲಿಲ್ಲ. ನಂತರ ಎರಡು ಸಂಗೀತ ಒಟ್ಟಿಗೆ ನಡೆದವು. ಒಂದು ಆಳವಾಗಿತ್ತು, ನಿಧಾನವಾಗಿತ್ತು, ಅಳೆಯಲಾರದಷ್ಟು ದುಃಖ ಅದರಲ್ಲಿತ್ತು. ಅದರ ಚೆಲುವು ಬಂದದ್ದೇ ಹೆಚ್ಚಾಗಿ ಆ ದುಃಖದಿಂದ ಅಂತ ಟೋಲ್ಕೀನ್ ಬರೆಯುತ್ತಾರೆ.

ಇನ್ನೊಂದು ಗದ್ದಲ. ಅದು ಹೇಗಿತ್ತು ಅನ್ನುವುದು ಬಹಳ ಮುಖ್ಯ. ಅಪಸ್ವರ ಅಂದರೆ ಅಡ್ಡಾದಿಡ್ಡಿ ಸ್ವರಗಳು ಅಂತ ನಾವು ಅಂದುಕೊಳ್ಳುತ್ತೇವೆ. ಇಲ್ಲಿ ಹಾಗಿಲ್ಲ. ಮೆಲ್ಕೋರನ ಕಡೆಯವರೆಲ್ಲ ಒಂದೇ ದನಿಯಲ್ಲಿದ್ದರು. ಕೆಲವೇ ಕೆಲವು ಸ್ವರಗಳನ್ನು ಹಲವು ಕಹಳೆಗಳು ಮತ್ತೆ ಮತ್ತೆ ಊದಿದ ಹಾಗೆ. ಒಬ್ಬನ ಸ್ವರವೇ ಎಲ್ಲರ ಸ್ವರ. ಬೇರೆ ದನಿಗೆ ಜಾಗವೇ ಇಲ್ಲ. ಟೋಲ್ಕೀನ್ ಲೋಕದಲ್ಲಿ ಸಾಮರಸ್ಯದ ವಿರುದ್ಧ ಪದ ‘ವ್ಯತ್ಯಾಸ’ ಅಲ್ಲ, ‘ಒಂದೇ ದನಿ’. ಈ ಸಾಲು ಓದಿದಾಗಲೆಲ್ಲ ನಾನು ಒಂದು ಕ್ಷಣ ನಿಲ್ಲುತ್ತೇನೆ.

ಗದ್ದಲ ಆ ಆಳದ ಸಂಗೀತವನ್ನು ಮುಳುಗಿಸಲು ನೋಡಿತು. ಆದರೆ ಅದರ ಅತಿ ಗೆಲುವಿನ ಸ್ವರಗಳನ್ನೇ ಆಳದ ಸಂಗೀತ ಎತ್ತಿಕೊಂಡು ತನ್ನ ನೇಯ್ಗೆಯಲ್ಲಿ ಸೇರಿಸಿಕೊಂಡಿತು. ಮೂರನೇ ಸಲ ಇಲೂವತಾರ್ ಎದ್ದಾಗ ಅವನ ಮುಖ ನೋಡಲು ಭಯವಾಗುತ್ತಿತ್ತು. ಎರಡೂ ಕೈ ಎತ್ತಿದ. ಎಲ್ಲ ಸ್ವರಗಳೂ ಕೂಡಿದ ಒಂದೇ ಒಂದು ನಾದ. ಸಂಗೀತ ನಿಂತಿತು.

ಯಾರೂ ‘ಬೇಡ’ ಅಂದಿರಲಿಲ್ಲವಲ್ಲ?

ಹಾಗಾದರೆ ಮೆಲ್ಕೋರ್ ಮಾಡಿದ ತಪ್ಪೇನು? ನಿಮ್ಮ ಆಲೋಚನೆ ಸೇರಿಸಿ ಅಂತ ಹೇಳಿದ್ದೇ ಎರು. ಅವನೂ ಸೇರಿಸಿದ.

ಕಥೆಯಲ್ಲಿ ‘ಇದನ್ನು ಹಾಡಬೇಡ’ ಎಂಬ ಆಜ್ಞೆ ಎಲ್ಲೂ ಇಲ್ಲ. ನಿಷೇಧ ಇರುವುದು ಸ್ವರದ ಮೇಲಲ್ಲ. ಎರುವಿಗೆ ಮಾತ್ರ ಸೇರಿದ ಬೆಂಕಿಯನ್ನು ತನ್ನದು ಮಾಡಿಕೊಳ್ಳುವ ಆಸೆಯ ಮೇಲೆ. ಅದೂ ಶಿಕ್ಷೆಗೆ ಹೆದರಿಸುವ ನಿಷೇಧ ಅಲ್ಲ, ಆಗದೇ ಇರುವ ಕೆಲಸ. ಹಾಡಿನಿಂದ ಆಕಾರ ಕೊಡಬಹುದು, ಇರುವಿಕೆ ಕೊಡಲಾಗದು. ಮೆಲ್ಕೋರನಿಗೆ ಬೇಕಾಗಿದ್ದು ಇರುವಿಕೆ ಕೊಡುವ ಶಕ್ತಿಯೇ.

ಸಂಗೀತ ನಿಂತ ಮೇಲೆ ಇಲೂವತಾರ್ ಅದನ್ನೇ ಕಣ್ಣಿಗೆ ಕಾಣುವ ದೃಶ್ಯವಾಗಿ ತೋರಿಸಿದ. ಐನುರ್‌ಗಳು ತಾವು ಹಾಡಿದ ಲೋಕವನ್ನು ನೋಡಿದರು. ಬೆಟ್ಟ, ಕಡಲು, ಗಾಳಿ, ಕಾಲ ಉರುಳುವ ಬಗೆ. ಆಮೇಲೆ ದೃಶ್ಯ ಮರೆಯಾಯಿತು. ಆಗ ಅವನು ‘ಎಆ’ ಅಂದ. ಅವರ ಭಾಷೆಯಲ್ಲಿ ಅದರ ಅರ್ಥ ‘ಆಗಲಿ, ಇರಲಿ’. ಆರದ ಜ್ವಾಲೆಯನ್ನು ಶೂನ್ಯದೊಳಗೆ ಕಳಿಸಿದ. ಹಾಡು ಆಗ ಲೋಕವಾಯಿತು. ಅದಕ್ಕೇ ಆ ವಿಶ್ವದ ಹೆಸರೂ ಎಆ. ಅಂದರೆ ಸಂಗೀತ ಬರೀ ನಕ್ಷೆ. ಮನೆ ನಿಂತದ್ದು ಆ ಒಂದು ಮಾತಿನಿಂದ.

ಇದಕ್ಕೆ ಪಕ್ಕದಲ್ಲಿಟ್ಟು ನೋಡಬೇಕಾದ ಇನ್ನೊಂದು ಪ್ರಸಂಗವಿದೆ. ಔಲೆಗೂ ಸೃಷ್ಟಿ ಮಾಡುವ ಆಸೆ ಹುಟ್ಟಿತು. ಲೋಕದಲ್ಲಿ ಎಲ್ಫ್‌ಗಳು (ಮುಪ್ಪು ಬಾರದ ಒಂದು ಕುಲದವರು), ಮನುಷ್ಯರು ಹುಟ್ಟುವುದು ತಡವಾಗಿತ್ತು. ಕಲಿಸಲು ಯಾರೂ ಇರಲಿಲ್ಲ. ಕಾಯಲಾರದೆ ಬೆಟ್ಟದ ಕೆಳಗಿನ ಹಜಾರದಲ್ಲಿ ಗುಟ್ಟಾಗಿ ಏಳು ಕುಳ್ಳರನ್ನು ಮಾಡಿದ. ಎರು ಅವನನ್ನು ಕೇಳಿದ: ಇದನ್ನು ಯಾಕೆ ಮಾಡಿದೆ? ಇವು ನೀನು ಯೋಚಿಸಿದಾಗ ಮಾತ್ರ ಅಲುಗುತ್ತವೆ, ನಿನ್ನ ಮನಸ್ಸು ಬೇರೆ ಕಡೆ ಹೋದರೆ ಸುಮ್ನೆ ನಿಲ್ಲುತ್ತವೆ. ಔಲೆ ತಲೆ ತಗ್ಗಿಸಿದ. ಅಪ್ಪ ಮಾಡುವುದನ್ನು ನೋಡಿ ಮಗು ಆಡಿದ ಹಾಗೆ ಮಾಡಿದೆ, ಅಣಕಿಸಲು ಅಲ್ಲ ಅಂದ. ಇವು ನಿನ್ನವೇ ಅಂತ ಒಪ್ಪಿಸಿದ. ಅಳುತ್ತಾ, ಅವನ್ನು ಒಡೆಯಲು ದೊಡ್ಡ ಸುತ್ತಿಗೆ ಎತ್ತಿದ.

ಕುಳ್ಳರು ಹೆದರಿ ಹಿಂದೆ ಸರಿದರು. ತಲೆ ಬಾಗಿ ಬೇಡಿಕೊಂಡರು.

ಅವರು ಹೆದರಲಿ ಅಂತ ಔಲೆ ಯೋಚಿಸಿರಲಿಲ್ಲ. ಅವರೇ ಹೆದರಿದರು. ಅಷ್ಟರಲ್ಲಾಗಲೇ ಎರು ಅವರಿಗೆ ಸ್ವಂತ ಜೀವ ಕೊಟ್ಟಾಗಿತ್ತು. ಇಬ್ಬರೂ ಒಂದೇ ಗೆರೆ ದಾಟಿದವರು, ಔಲೆ ಮತ್ತು ಮೆಲ್ಕೋರ್. ಔಲೆ ಮಾಡಿದ್ದನ್ನು ಕೊಟ್ಟುಬಿಟ್ಟ, ಅದಕ್ಕೆ ಜೀವ ಬಂತು. ಮೆಲ್ಕೋರ್ ಬಿಗಿಯಾಗಿ ಹಿಡಿದುಕೊಂಡ. ಅವನಿಂದ ಒಂದು ಹೊಸ ಜೀವವೂ ಹುಟ್ಟಲಿಲ್ಲ. ಇರುವುದನ್ನು ಕೆಡಿಸಿ, ವಿಕಾರ ಮಾಡಿ, ಅಣಕದ ಪ್ರತಿ ಮಾಡಬಲ್ಲ, ಅಷ್ಟೇ.

ವಿರುದ್ಧ ಹಾಡಿದವನೂ ಅದೇ ಹಾಡಿನಲ್ಲಿ

ಈಗ ಗಂಟಿನ ಹತ್ತಿರ ಬಂದೆವು. ಸಂಗೀತ ನಿಂತ ಮೇಲೆ ಇಲೂವತಾರ್ ಹೇಳಿದ ಮಾತಿನ ಸಾರ ಇದು: ನನ್ನಲ್ಲಿ ಮೂಲವಿಲ್ಲದ ಯಾವ ರಾಗವನ್ನೂ ಯಾರೂ ನುಡಿಸಲಾರರು. ನನಗೆ ವಿರುದ್ಧವಾಗಿ ಈ ಸಂಗೀತವನ್ನು ಬದಲಿಸಲೂ ಆಗದು. ಹಾಗೆ ಪ್ರಯತ್ನಿಸಿದವನು ತಾನು ಊಹಿಸದ ಇನ್ನೂ ಅದ್ಭುತವಾದುದಕ್ಕೆ ಉಪಕರಣವಾಗುತ್ತಾನೆ.

ಮೆಲ್ಕೋರನಿಗೆ ನಾಚಿಕೆಯಾಯಿತು. ಆ ನಾಚಿಕೆಯಿಂದ ಒಳಗೆ ಸಿಟ್ಟು ಹುಟ್ಟಿತು.

ಓದುವವರಿಗೆ ತಕ್ಷಣ ಎರಡು ಪ್ರಶ್ನೆ ಬರುತ್ತವೆ. ಎಲ್ಲದರ ಮೂಲ ಎರು ಆದರೆ, ಅಪಸ್ವರದ ಮೂಲವೂ ಅವನೇ ಅಲ್ವಾ? ಅಪಸ್ವರವೂ ಕೊನೆಗೆ ಚೆಲುವಿಗೇ ಸೇರುವುದಾದರೆ, ಅದು ಕೆಟ್ಟದ್ದು ಅನ್ನುವುದು ಹೇಗೆ?

ಮೊದಲನೆಯದಕ್ಕೆ ಉತ್ತರ ಹೀಗೆ ಬಿಡಿಸಬಹುದು. ಮೆಲ್ಕೋರನ ದನಿ, ಅದರ ಬಲ, ಆಲೋಚಿಸುವ ಶಕ್ತಿ, ಎಲ್ಲವೂ ಎರು ಕೊಟ್ಟದ್ದು. ಅದನ್ನು ಯಾವ ಕಡೆ ತಿರುಗಿಸಿದ ಅನ್ನುವುದು ಮಾತ್ರ ಮೆಲ್ಕೋರನದು. ಅಪಸ್ವರ ಬೇರೊಂದು ಮೂಲದಿಂದ ಬಂದ ಎರಡನೇ ಶಕ್ತಿ ಅಲ್ಲ. ಒಳ್ಳೆಯದೊಂದು ತಿರುಚಿಕೊಂಡ ರೂಪ. ಟೋಲ್ಕೀನ್ ಶ್ರದ್ಧೆಯ ಕ್ಯಾಥೊಲಿಕ್. ಕೆಡುಕಿಗೆ ಸ್ವಂತ ಇರುವಿಕೆ ಇಲ್ಲ, ಅದು ಒಳಿತಿನ ಕೊರತೆ ಎಂಬುದು ಆ ಪರಂಪರೆಯಲ್ಲಿ ಸಂತ ಅಗಸ್ಟೀನರ ಕಾಲದಿಂದ ಬಂದ ವಿಚಾರ. ‘ನಾದಬ್ರಹ್ಮ’ ಎಂಬ ಮಾತು ಕೇಳಿ ಬೆಳೆದ ನಮಗೆ ಈ ಕಥೆ ಹತ್ತಿರದ್ದು ಅನ್ನಿಸುತ್ತದೆ. ಆದರೆ ಅದರ ಬೇರು ಇಲ್ಲಿಯದಲ್ಲ. ನಮ್ಮ ಮಾತಿನಲ್ಲಿ ನಾದವೇ ಬ್ರಹ್ಮ. ಅಲ್ಲಿ ನಾದ ಎರುವಿನ ಮುಂದೆ ಹಾಡಿದ್ದು, ಎರು ಬೇರೆಯೇ.

ಎರಡನೆಯ ಪ್ರಶ್ನೆಗೆ ಟೋಲ್ಕೀನ್ ವಾದ ಹೂಡುವುದಿಲ್ಲ. ಒಂದು ಮಂಜಿನ ಹರಳು ತೋರಿಸುತ್ತಾರೆ.

ಉಲ್ಮೊ ಯೋಚಿಸಿರದ ಹರಳು

ನೀರು ಉಲ್ಮೊನ ಕಲ್ಪನೆ. ಮೆಲ್ಕೋರ್ ಅದರ ಮೇಲೆ ಕೊರೆಯುವ ಚಳಿಯನ್ನು ಬಿಟ್ಟ. ನೀರನ್ನು ಹಾಳು ಮಾಡಬೇಕು ಅಂತಲೇ ಬಿಟ್ಟದ್ದು. ಇಲೂವತಾರ್ ಉಲ್ಮೊನಿಗೆ ಹೇಳಿದ: ನೋಡು, ನಿನ್ನ ಬುಗ್ಗೆಗಳ, ಕೆರೆಗಳ ಚೆಲುವು ನಾಶವಾಗಲಿಲ್ಲ. ಹಿಮ ನೋಡು, ಇಬ್ಬನಿ ಹೆಪ್ಪುಗಟ್ಟಿದ ಕುಸುರಿ ನೋಡು. ಮೆಲ್ಕೋರ್ ಅಳತೆಯಿಲ್ಲದ ಸೆಕೆಯನ್ನೂ ಬಿಟ್ಟ. ಕಡಲು ಬತ್ತಲಿಲ್ಲ. ಆವಿ ಎದ್ದು ಮೋಡವಾಯಿತು, ಮಳೆಯಾಯಿತು. ಮೋಡ ಗಾಳಿಯಲ್ಲಿ ತೇಲುವುದರಿಂದ ಉಲ್ಮೊ ತನ್ನ ಗೆಳೆಯ ಮನ್ವೆಗೆ ಇನ್ನೂ ಹತ್ತಿರವಾದ.

ಉಲ್ಮೊ ಒಪ್ಪಿಕೊಂಡ: ನೀರು ನಾನು ಅಂದುಕೊಂಡದ್ದಕ್ಕಿಂತ ಚೆಂದವಾಗಿದೆ. ಹಿಮದ ಹರಳು ನನ್ನ ಕಲ್ಪನೆಯಲ್ಲೇ ಇರಲಿಲ್ಲ.

ಈ ಪ್ರಸಂಗ ಚಳಿ ಒಳ್ಳೆಯದು ಅನ್ನುತ್ತಿಲ್ಲ. ಚಳಿಗೆ ಜನ ಸಾಯುತ್ತಾರೆ. ಆ ಕಥೆಗಳಲ್ಲೇ ಹಿಮದ ದಾರಿಯಲ್ಲಿ ನಡೆದು ಎಷ್ಟೋ ಎಲ್ಫ್‌ಗಳು ಸತ್ತಿದ್ದಾರೆ. ಮೆಲ್ಕೋರನ ಉದ್ದೇಶ ಕೆಟ್ಟದ್ದೇ, ನೋವು ನಿಜವೇ. ಆದರೆ ಅವನ ಉದ್ದೇಶ ಕೊನೆಯ ಮಾತಾಗಲಿಲ್ಲ. ಇನ್ನೊಂದು ವಿಷಯ. ಎಲ್ಫ್‌ಗಳು ಮತ್ತು ಮನುಷ್ಯರು ಮೊದಲ ಪಲ್ಲವಿಯಲ್ಲಿ ಇರಲೇ ಇಲ್ಲ. ಅವರು ಬಂದದ್ದು ಮೂರನೇ ಪಲ್ಲವಿಯಲ್ಲಿ, ದುಃಖ ತುಂಬಿದ ಆ ನಿಧಾನದ ಹಾಡಿನಲ್ಲಿ.

ನಮ್ಮಲ್ಲಿ ‘ವಿವಾದಿ’ ಅನ್ನುವುದಿದೆ

ಇಲ್ಲಿ ಒಂದು ಹೋಲಿಕೆ ಸಹಾಯಕ್ಕೆ ಬರುತ್ತದೆ. ನಮ್ಮ ಹಳೆಯ ಸಂಗೀತ ಗ್ರಂಥಗಳು ಸ್ವರಗಳ ಸಂಬಂಧವನ್ನು ವಾದಿ, ಸಂವಾದಿ, ಅನುವಾದಿ, ವಿವಾದಿ ಅಂತ ವಿಂಗಡಿಸಿವೆ. ವಾದಿ ರಾಜ, ಸಂವಾದಿ ಮಂತ್ರಿ, ಅನುವಾದಿ ಸೇವಕ, ವಿವಾದಿ ಶತ್ರು. ಕರ್ನಾಟಕ ಸಂಗೀತದ 72 ಮೇಳಗಳಲ್ಲಿ, ಅಂದರೆ ಮೂಲ ರಾಗಗಳಲ್ಲಿ, 40 ವಿವಾದಿ ಮೇಳಗಳು. ಅವನ್ನು ಹಾಡಿದರೆ ದೋಷ ಎಂಬ ನಂಬಿಕೆ ಬಹಳ ಕಾಲ ಇತ್ತು. ವರಾಳಿ ರಾಗವನ್ನು ಗುರು ಶಿಷ್ಯನಿಗೆ ನೇರವಾಗಿ ಹೇಳಿಕೊಟ್ಟರೆ ಅವರ ಸಂಬಂಧ ಕೆಡುತ್ತದೆ ಎಂಬ ಮಾತನ್ನು ಸಂಗೀತ ಕಲಿತವರೆಲ್ಲ ಕೇಳಿರುತ್ತಾರೆ.

ಆದರೆ ಕಛೇರಿಯ ಶುರುವಿನಲ್ಲಿ ಮೈ ಜುಮ್ಮೆನ್ನಿಸುವ ನಾಟ ರಾಗ ಬರುತ್ತದಲ್ಲ, ಅದರಲ್ಲೂ ವಿವಾದಿ ಸ್ವರವಿದೆ. ದೀಕ್ಷಿತರ ‘ಮಹಾಗಣಪತಿಂ’ ಅದೇ ರಾಗ. ತ್ಯಾಗರಾಜರ ಪಂಚರತ್ನಗಳಲ್ಲಿ ಮೊದಲನೆಯದೂ ಅದೇ. ಶತ್ರು ಎನಿಸಿಕೊಂಡ ಸ್ವರ ತಿಳಿದವರ ಕೈಗೆ ಬಂದಾಗ ಕಛೇರಿಗೆ ಮಂಗಳಾರಂಭವಾಗುತ್ತದೆ.

ಹೋಲಿಕೆ ಇಷ್ಟಕ್ಕೇ ನಿಲ್ಲುತ್ತದೆ. ವಿವಾದಿ ಸ್ವರಕ್ಕೆ ಕೆಟ್ಟ ಉದ್ದೇಶವಿಲ್ಲ, ಎರಡು ಸ್ವರ ತೀರಾ ಹತ್ತಿರ ಕೂತದ್ದರಿಂದ ಆಗುವ ತಿಕ್ಕಾಟ ಅದು. ಮೆಲ್ಕೋರನದು ಉಳಿದ ದನಿಗಳನ್ನು ಅಡಗಿಸುವ ಹಟ.

ಹಾಡು ಮುಗಿದರೂ ಅಪಸ್ವರ ಮಣ್ಣಿನಲ್ಲಿ

ಮಗಳ ಪ್ರಶ್ನೆಗೆ ಬರೋಣ. ಅವನನ್ನು ಯಾಕೆ ಬಿಟ್ಟರು?

ಪೂರ್ತಿ ಬಿಡಲಿಲ್ಲ. ಮೊದಲ ಯುಗದ ಕೊನೆಗೆ ಮಹಾಯುದ್ಧ ನಡೆದು ಮೊರ್ಗೋತನನ್ನು ಸರಪಳಿಯಲ್ಲಿ ಕಟ್ಟಿ ಲೋಕದ ಹೊರಗೆ, ಶೂನ್ಯಕ್ಕೆ ನೂಕಿದರು. ಆದರೂ ಕೆಡುಕು ಮುಗಿಯಲಿಲ್ಲ. ಯಾಕೆ ಅನ್ನುವುದಕ್ಕೆ ಟೋಲ್ಕೀನ್ ತಮ್ಮ ಕೊನೆಯ ದಶಕಗಳ ಟಿಪ್ಪಣಿಗಳಲ್ಲಿ ವಿವರಣೆ ಕೊಟ್ಟಿದ್ದಾರೆ. ಇವು 1993ರ ಸಂಪುಟದಲ್ಲಿವೆ.

ಮೊರ್ಗೋತನ ಶಿಷ್ಯ ಸೌರಾನ್ ತನ್ನ ಶಕ್ತಿಯ ದೊಡ್ಡ ಪಾಲನ್ನು ಒಂದು ಉಂಗುರದಲ್ಲಿ ಇಟ್ಟ. ಉಂಗುರ ಕರಗಿಸಿದರೆ ಅವನ ಕಥೆ ಮುಗಿಯಿತು. ಮೊರ್ಗೋತ್ ತನ್ನ ಶಕ್ತಿಯನ್ನು ಇಟ್ಟದ್ದು ಇಡೀ ಭೂಮಿಯಲ್ಲಿ. ಮಣ್ಣು, ಲೋಹ, ದೇಹ ಎಲ್ಲದರಲ್ಲೂ ಸ್ವಲ್ಪ ಸ್ವಲ್ಪ ಸೇರಿಸಿದ. ಎಲ್ಲವನ್ನೂ ತನ್ನ ಹಿಡಿತಕ್ಕೆ ತರುವ ಆಸೆಯಿಂದ ತನ್ನನ್ನೇ ಚೆಲ್ಲಿಕೊಂಡ. ಹಾಗೆ ಚೆಲ್ಲಿಕೊಂಡು ಅವನು ದುರ್ಬಲನಾದ. ಎಲ್ಲ ಐನುರ್‌ಗಳಿಗಿಂತ ದೊಡ್ಡವನಾಗಿದ್ದವನು ಕೊನೆಗೆ ಕೋಟೆಯೊಳಗೆ ಅಡಗಿ ಕೂತ, ಕಾಲಿಗೆ ಗಾಯವಾದರೆ ವಾಸಿಯಾಗದವನಾದ. ಆದರೆ ಚೆಲ್ಲಿದ್ದನ್ನು ಹೆಕ್ಕಿ ತೆಗೆಯುವುದು ಸಾಧ್ಯವಿಲ್ಲ. ಹಿಟ್ಟಿಗೆ ಬೆರೆತ ಉಪ್ಪನ್ನು ಬೇರ್ಪಡಿಸಿದ ಹಾಗೆ. ಅವನ ಅಂಶವನ್ನು ಪೂರ್ತಿ ತೆಗೆಯಬೇಕಾದರೆ ಭೂಮಿಯನ್ನೇ ಒಡೆಯಬೇಕು. ಅದಕ್ಕೇ ಉಳಿದ ದೇವತೆಗಳು ಅಷ್ಟು ಹಿಂಜರಿದದ್ದು.

ಎಲ್ಲದರಲ್ಲೂ ಸಮವಾಗಿ ಇಲ್ಲ ಅಂತಲೂ ಟೋಲ್ಕೀನ್ ಬರೆಯುತ್ತಾರೆ. ಚಿನ್ನದಲ್ಲಿ ಈ ಅಂಶ ಜಾಸ್ತಿ. ನೀರಿನಲ್ಲಿ ಬಹಳ ಕಡಿಮೆ. ಸೃಷ್ಟಿಕಥೆಯಲ್ಲೂ ನೀರಿಗೆ ವಿಶೇಷ ಜಾಗವಿದೆ. ಮೊದಲ ಸಂಗೀತದ ಮಾರ್ದನಿ ಬೇರೆಲ್ಲಕ್ಕಿಂತ ನೀರಿನಲ್ಲಿ ಹೆಚ್ಚು ಉಳಿದಿದೆಯಂತೆ. ಕಡಲ ದಡದಲ್ಲಿ ನಿಂತವರು ಎಷ್ಟು ಕೇಳಿದರೂ ಸಾಲದೆ, ಏನನ್ನು ಕೇಳುತ್ತಿದ್ದೇವೆ ಅಂತ ಗೊತ್ತಾಗದೆ ನಿಂತೇ ಇರುವುದು ಅದಕ್ಕೇ ಅಂತೆ.

ಹಾಡು ಹಣೆಬರಹವೇ?

ಎಲ್ಲವೂ ಮೊದಲೇ ಹಾಡಿ ಮುಗಿದಿದ್ದರೆ ಲೋಕದಲ್ಲಿ ಬದುಕುವವರಿಗೆ ಮಾಡಲು ಏನು ಉಳಿಯಿತು? ಬೇರೆಲ್ಲರಿಗೂ ಆ ಸಂಗೀತ ಹಣೆಬರಹದ ಹಾಗೆ. ಮನುಷ್ಯರಿಗೆ ಮಾತ್ರ ಒಂದು ವಿನಾಯಿತಿ ಇದೆ. ಆ ಸಂಗೀತದ ಆಚೆಗೂ ತಮ್ಮ ಬಾಳನ್ನು ರೂಪಿಸಿಕೊಳ್ಳುವ ಶಕ್ತಿಯನ್ನು ಎರು ಅವರಿಗೆ ಕೊಟ್ಟ. ಅದರ ಜೊತೆಗೇ ಸಾವನ್ನೂ ಕೊಟ್ಟ. ಎಲ್ಫ್‌ಗಳು ಲೋಕ ಇರುವವರೆಗೂ ಲೋಕಕ್ಕೆ ಕಟ್ಟುಬಿದ್ದವರು, ಮನುಷ್ಯರು ಬಿಟ್ಟು ಹೋಗಬಲ್ಲವರು. ಟೋಲ್ಕೀನ್ ಸಾವನ್ನು ಕೊಡುಗೆ ಅನ್ನುತ್ತಾರೆ. ಅದು ಶಾಪದ ಹಾಗೆ ಕಾಣುವಂತೆ ನೆರಳು ಬೀಳಿಸಿದವನು ಮೆಲ್ಕೋರ್.

ಹಾಡಿನ ಬಲ ಸೃಷ್ಟಿಯ ಜೊತೆ ಮುಗಿಯಲೂ ಇಲ್ಲ. ಎಲ್ಫ್ ರಾಜ ಫಿನ್ರೋಡ್ ಮತ್ತು ಸೌರಾನ್ ಆಯುಧ ಹಿಡಿಯದೆ ಹಾಡಿನಲ್ಲೇ ಹೋರಾಡುತ್ತಾರೆ. ಫಿನ್ರೋಡ್ ನಂಬಿಕೆಯನ್ನು, ಸೆರೆಯಿಂದ ಬಿಡುಗಡೆಯನ್ನು ಹಾಡುತ್ತಾನೆ, ಹಕ್ಕಿಗಳ ದನಿ, ಕಡಲಿನ ದನಿ ತರುತ್ತಾನೆ. ಆದರೆ ಆ ಕಡಲ ದಡದಲ್ಲೇ ಅವನ ಕುಲದವರು ಸ್ವಂತ ಬಂಧುಗಳನ್ನು ಕೊಂದಿದ್ದರು. ಆ ರಕ್ತ ಹಾಡಿನೊಳಗೆ ಹರಿದು ಬರುತ್ತದೆ. ಫಿನ್ರೋಡ್ ಬೀಳುತ್ತಾನೆ. ಅಪಸ್ವರ ಗೆದ್ದದ್ದು ತನ್ನ ಬಲದಿಂದಲ್ಲ, ಎದುರಾಳಿಯ ಕುಲದಲ್ಲಿ ಆಗಲೇ ಇದ್ದ ಬಿರುಕಿನಿಂದ.

ಲೂಥಿಯೆನ್ ಎಂಬ ಹುಡುಗಿ ಗೆಲ್ಲುವುದು ಬೇರೆ ರೀತಿ. ಪ್ರಿಯಕರ ಸತ್ತ ಮೇಲೆ ಅವಳು ಸತ್ತವರ ಒಡೆಯ ಮಂದೋಸನ ಮುಂದೆ ಮಂಡಿಯೂರಿ ಹಾಡುತ್ತಾಳೆ. ಎಲ್ಫ್‌ಗಳ ದುಃಖ ಒಂದು ರಾಗ, ಮನುಷ್ಯರ ದುಃಖ ಇನ್ನೊಂದು ರಾಗ. ಎರಡನ್ನೂ ಹೆಣೆಯುತ್ತಾಳೆ. ಅದಕ್ಕೆ ಮುಂಚೆಯೂ ಆಮೇಲೂ ಕರಗದ ಮಂದೋಸ್ ಆ ಒಂದು ಸಲ ಕರಗುತ್ತಾನೆ. ಮೂರನೇ ಪಲ್ಲವಿಯ ದುಃಖದ ಬಲ ಹೇಗಿರುತ್ತದೆ ಅಂತ ತಿಳಿಯಬೇಕಾದರೆ ಈ ಪ್ರಸಂಗ ಓದಬೇಕು.

ಇನ್ನೂ ಹಾಡದ ಸಂಗೀತ

ಲೋಕದ ಕೊನೆಯಾದ ಮೇಲೆ ಇನ್ನೊಂದು ಸಂಗೀತ ಇದೆ ಅಂತ ಕಥೆ ಹೇಳುತ್ತದೆ. ಮೊದಲನೆಯದಕ್ಕಿಂತ ದೊಡ್ಡದು. ಅದರಲ್ಲಿ ಐನುರ್‌ಗಳ ಜೊತೆ ಮನುಷ್ಯರೂ ದನಿಗೂಡಿಸುತ್ತಾರೆ. ಆಗ ಪ್ರತಿಯೊಬ್ಬರಿಗೂ ತನ್ನ ಪಾಲಿನ ಸ್ವರ ಯಾಕೆ ಬೇಕಾಗಿತ್ತು ಅಂತ ಪೂರ್ತಿ ತಿಳಿದಿರುತ್ತದೆ, ಪಕ್ಕದವನ ಸ್ವರವೂ ತಿಳಿದಿರುತ್ತದೆ. ಆಗ ಎರು ಅವರ ಆಲೋಚನೆಗಳಿಗೆ ಆ ಗುಪ್ತ ಬೆಂಕಿಯನ್ನು ಕೊಡುತ್ತಾನೆ. ಮೆಲ್ಕೋರ್ ಶೂನ್ಯದಲ್ಲಿ ಒಬ್ಬನೇ ಹುಡುಕಿ ಕಾಣದೇ ಹೋದದ್ದನ್ನೇ ಹಾಡುವ ಎಲ್ಲರಿಗೂ ಕೊಡುತ್ತಾನೆ. ಅಂದು ಹಾಡಿದ ರಾಗ ಹಾಡಿದ ಕ್ಷಣದಲ್ಲೇ ನಿಜವಾಗುತ್ತದೆ. ಸ್ವರ ಹಿಡಿದರೆ ರವೆಯೂ ಅಲ್ಲೇ ಹುಟ್ಟುತ್ತದೆ.